ಪುಟ್ಟಕ್ಕನ ಕೈ: ಕನ್ನಡ ಧಾರಾವಾಹಿಗಳಲ್ಲಿ ವಯಸ್ಸಾದ ಹೆಂಗಸರು, ಒಂದು ವಿಮರ್ಶೆ

ಜೀ ಕನ್ನಡದಲ್ಲಿ 2021ರ ಡಿಸೆಂಬರ್ 13ರಂದು ಶುರುವಾದ 'ಪುಟ್ಟಕ್ಕನ ಮಕ್ಕಳು' ಧಾರಾವಾಹಿಯಲ್ಲಿ ಸ್ನೇಹಾ ಅಂತ ನಾಯಕಿ ಇದ್ದಾಳೆ, ಕಂಠಿ ಅಂತ ನಾಯಕ ಇದ್ದಾನೆ, ಅವರ ಜಗಳ, ಪ್ರೀತಿ, ಮದುವೆ ಎಲ್ಲ ಇದೆ. ಆದರೂ ಹೆಸರು ಅಮ್ಮನದು. ಇದರ ಮೂಲ ತೆಲುಗಿನ 'ರಾಧಮ್ಮ ಕೂತುರು'. ಅಲ್ಲೂ ಹೆಸರಲ್ಲಿ ಅಮ್ಮನಿದ್ದಾಳೆ, ಕನ್ನಡಕ್ಕೆ ಬರುವಾಗ ಆ ಅಮ್ಮನ ಪಾತ್ರಕ್ಕೆ ಉಮಾಶ್ರೀ ಸಿಕ್ಕರು. ಆರೂರು ಜಗದೀಶ್ ನಿರ್ದೇಶನದ ಈ ಧಾರಾವಾಹಿ ಬಂದ ಕೆಲವೇ ದಿನಗಳಲ್ಲಿ ಟಿಆರ್‌ಪಿ ಪಟ್ಟಿಯ ತುದಿಗೇರಿತು. ಅರವತ್ತು ದಾಟಿದ ನಟಿಯೊಬ್ಬರನ್ನು ಪೋಸ್ಟರಿನ ನಡುವೆ ನಿಲ್ಲಿಸಿದರೆ ಸಂಜೆ ಏಳೂವರೆಗೆ ಜನ ಟಿವಿ ಹಾಕುತ್ತಾರಾ ಅನ್ನುವ ಹಳೇ ಅನುಮಾನಕ್ಕೆ ಅಲ್ಲಿಗೆ ಉತ್ತರ ಸಿಕ್ಕಿತು.

ಈಗ ಜೀ5ರಲ್ಲಿ ಮೊದಲಿನಿಂದ ನೋಡುವವರಿಗೆ, ಅಥವಾ ಅಮ್ಮನಿಗೋ ಅಜ್ಜಿಗೋ ಯಾವುದನ್ನು ಹಾಕಿಕೊಡಬೇಕು ಅಂತ ಯೋಚಿಸುವವರಿಗೆ ಈ ಬರಹ. ಪುಟ್ಟಕ್ಕನ ಜೊತೆಗೆ 'ಶ್ರೀರಸ್ತು ಶುಭಮಸ್ತು' ಮತ್ತು 'ಭಾಗ್ಯಲಕ್ಷ್ಮೀ'ಯನ್ನೂ ತೆಗೆದುಕೊಂಡಿದ್ದೇನೆ. ಮೂರನ್ನೂ ಅಳೆಯಲು ಇಟ್ಟುಕೊಂಡ ಪ್ರಶ್ನೆ ಒಂದೇ: ಈ ಹೆಂಗಸಿನ ಕೈ ಏನು ಮಾಡುತ್ತಿದೆ?

ಈ ಪ್ರಶ್ನೆ ಯಾಕೆ ಅಂದರೆ, ನಮ್ಮ ತೆರೆಯ ಮೇಲಿನ ತಾಯಿಗೆ ದಶಕಗಳ ಕಾಲ ಕೈಯೇ ಇರಲಿಲ್ಲ. ಪಂಡರಿಬಾಯಿಯವರನ್ನೇ ನೋಡಿ. 1954ರ 'ಬೇಡರ ಕಣ್ಣಪ್ಪ'ದಲ್ಲಿ ರಾಜ್‌ಕುಮಾರ್‌ಗೆ ನಾಯಕಿ. 1986ರ 'ಅನುರಾಗ ಅರಳಿತು' ಹೊತ್ತಿಗೆ ಅದೇ ರಾಜ್‌ಕುಮಾರ್‌ಗೆ ತಾಯಿ, ಅದೂ ಹಾಸಿಗೆ ಹಿಡಿದ ತಾಯಿ. ಇಬ್ಬರೂ ಹೆಚ್ಚುಕಡಿಮೆ ಒಂದೇ ವಾರಿಗೆಯವರು. ಅವರು ಇನ್ನೂ ಹೀರೋ, ಇವರು ಮಂಚದ ಮೇಲೆ. ಹಿಂದಿಯಲ್ಲೂ ಇದೇ ಕಥೆ: 1976ರ 'ಕಭಿ ಕಭೀ'ಯಲ್ಲಿ ಅಮಿತಾಭ್ ಎದುರು ನಾಯಕಿಯಾಗಿದ್ದ ರಾಖೀ 1982ರ 'ಶಕ್ತಿ'ಯಲ್ಲಿ ಅವರ ತಾಯಿ. ವಯಸ್ಸಿನಲ್ಲಿ ರಾಖೀ ಅಮಿತಾಭ್‌ಗಿಂತ ಚಿಕ್ಕವರು. ಇಂಥ ಪಾತ್ರಗಳಲ್ಲಿ ಒಳ್ಳೆಯ ನಟಿಯರು ಒಳ್ಳೆಯ ಕೆಲಸ ಮಾಡಿದ್ದಾರೆ, ಅದನ್ನು ಯಾರೂ ಅಲ್ಲಗಳೆಯುವುದಿಲ್ಲ. ಆದರೆ ಪಾತ್ರಕ್ಕೆ ಕೊಟ್ಟ ಕೆಲಸ ಏನು? ಕೆಮ್ಮುವುದು, ಆಶೀರ್ವಾದ ಮಾಡುವುದು, ಸೆರಗಿನಿಂದ ಕಣ್ಣೊರೆಸಿಕೊಳ್ಳುವುದು.

ಪುಟ್ಟಕ್ಕ ಬೇರೆಯಾಗುವುದು ಇಲ್ಲಿ. ದೇವಿಪುರದಲ್ಲಿ ಅವಳದೊಂದು ಮೆಸ್. ಗಂಡು ಹೆರಲಿಲ್ಲ ಅಂತ ಗಂಡ ಗೋಪಾಲಯ್ಯ ಇನ್ನೊಬ್ಬಳ ಜೊತೆ ಸಂಸಾರ ಹೂಡಿದ್ದಾನೆ. ಸಹನಾ, ಸ್ನೇಹಾ, ಸುಮಾ, ಮೂವರನ್ನೂ ಇವಳು ಮೆಸ್ಸಿನ ದುಡಿಮೆಯಲ್ಲಿ ಸಾಕಿದ್ದಾಳೆ. ಗಂಡ ಬಿಟ್ಟ ಹೆಂಗಸಿನ ಕಥೆ ನಮಗೆ ಹೊಸದೇನಲ್ಲ. ಹೊಸದು ಅಂದರೆ ಅವಳಿಗೊಂದು ದಿನಚರಿ ಇದೆ, ಊಟಕ್ಕೆ ಬರುವ ಗಿರಾಕಿಗಳಿದ್ದಾರೆ, ತೀರಿಸಬೇಕಾದ ಸಾಲ ಇದೆ, ಕೈಸುಟ್ಟುಕೊಂಡಾದರೂ ಹೊತ್ತಿಗೆ ಸರಿಯಾಗಿ ಎಲೆ ಹಾಕಲೇಬೇಕಾದ ಅನಿವಾರ್ಯ ಇದೆ. ಮೊದಲ ತಿಂಗಳುಗಳ ಕಂತುಗಳಲ್ಲಿ ಬರಹಗಾರರು ಈ ಮೆಸ್ಸನ್ನು ಚೆನ್ನಾಗಿ ದುಡಿಸಿಕೊಂಡಿದ್ದಾರೆ. ಮಗಳ ಮದುವೆಯ ಚಿಂತೆ ಅಡುಗೆಮನೆಯಲ್ಲೇ ನಡೆಯುತ್ತದೆ. ಅವಮಾನ ಮಾಡಲು ಬಂದವರು ಗಿರಾಕಿಗಳ ಎದುರೇ ಮಾಡುತ್ತಾರೆ. ಹಾಗಾಗಿ ನೋವಿಗೆ ಒಂದು ಜಾಗ ಸಿಗುತ್ತದೆ, ಒಂದು ಬೆಲೆಯೂ ಸಿಗುತ್ತದೆ.

ಉಮಾಶ್ರೀಯವರ ನಟನೆಯನ್ನು ಹೊಗಳುವುದು ಸುಲಭ, ಅದು ಹೇಗೆ ಕೆಲಸ ಮಾಡುತ್ತದೆ ಅಂತ ಗಮನಿಸುವುದು ಹೆಚ್ಚು ಉಪಯೋಗ. ಮಾತಿನ ನಡುವೆ ಅವರು ಕೆಲಸ ನಿಲ್ಲಿಸುವುದು ಕಡಿಮೆ. ಸೀರಿಯಲ್ ನಟನೆಯ ರೂಢಿ ಅಂದರೆ ಡೈಲಾಗ್ ಬಂದಾಗ ಸೌಟು ಕೆಳಗಿಟ್ಟು, ಕ್ಯಾಮೆರಾಕ್ಕೆ ಮುಕ್ಕಾಲು ಮುಖ ಕೊಟ್ಟು, ಉಸಿರು ಎಳೆದುಕೊಂಡು ಮಾತಾಡುವುದು. ಉಮಾಶ್ರೀ ಮಾತನ್ನು ಕೆಲಸದ ಸಂದಿಯಲ್ಲಿ ತೂರಿಸುತ್ತಾರೆ. ಮಾತು ಅರ್ಧಕ್ಕೆ ನಿಂತಾಗ ಕೈಯೂ ನಿಲ್ಲುತ್ತದೆ, ಆ ನಿಲುಗಡೆಯೇ ಅಳುವಿಗಿಂತ ಜೋರಾಗಿ ಕೇಳುತ್ತದೆ. ಇದು ರಂಗಭೂಮಿಯಿಂದ ಬಂದ ಅಭ್ಯಾಸ. ದೇವನೂರ ಮಹಾದೇವರ 'ಒಡಲಾಳ' ನಾಟಕವಾದಾಗ, ಕಳೆದುಹೋದ ಹುಂಜ ಹುಡುಕುವ ಮುದುಕಿ ಸಾಕವ್ವನಾಗಿ ಹೆಸರು ಮಾಡಿದವರು ಇವರೇ, ಆಗಿನ್ನೂ ಚಿಕ್ಕ ವಯಸ್ಸು. ಸಾಕವ್ವನಿಗೆ ಮುಪ್ಪನ್ನು ಬೆನ್ನಿನಿಂದ, ನಡಿಗೆಯಿಂದ, ದನಿಯಿಂದ ಕಟ್ಟಿಕೊಡಬೇಕಿತ್ತು. ಪುಟ್ಟಕ್ಕನಿಗೆ ಹಾಗೆ ಕಟ್ಟುವ ಅಗತ್ಯವಿಲ್ಲ, ಮೈಯಲ್ಲೇ ಇದೆ. ನಡುವೆ ಸಿನಿಮಾ ಇವರನ್ನು ವರ್ಷಗಟ್ಟಲೆ ದ್ವಂದ್ವಾರ್ಥದ ಹಾಸ್ಯಕ್ಕೆ ಮೀಸಲಿಟ್ಟಿತ್ತು. 2013ರಿಂದ 2018ರವರೆಗೆ ರಾಜ್ಯದ ಮಂತ್ರಿಯಾಗಿ ಕನ್ನಡ ಮತ್ತು ಸಂಸ್ಕೃತಿ ಇಲಾಖೆ ನೋಡಿಕೊಂಡವರು, ಆಮೇಲೆ ಬಂದು ಕಿರುತೆರೆಯಲ್ಲಿ ಮೆಸ್ಸಿನ ಒಲೆ ಮುಂದೆ ಕೂತರು. ಆ ಪಾತ್ರಕ್ಕೆ ಇದರಿಂದ ಒಂದು ತೂಕ ಬಂದಿದೆ.

ಮೇಕಪ್ಪಿನ ವಿಷಯ ಇಲ್ಲಿ ಹೇಳಲೇಬೇಕು, ಯಾಕೆಂದರೆ ಉಳಿದ ಧಾರಾವಾಹಿಗಳು ಎಡವುವುದು ಇಲ್ಲೇ. ಮೂವತ್ತೈದರ ನಟಿಯನ್ನು ಐವತ್ತೈದರ ಅತ್ತೆ ಮಾಡುವಾಗ ಸಾಮಾನ್ಯವಾಗಿ ಮಾಡುವುದು ಎರಡೇ: ಕಿವಿಯ ಮೇಲೆ ಒಂದೊಂದು ಬಿಳಿ ಗೆರೆ, ಕಣ್ಣಿಗೆ ಕನ್ನಡಕ. ಶುದ್ಧ ಬಿಳಿ ಬಣ್ಣವನ್ನು ಕಪ್ಪು ಕೂದಲ ಮೇಲೆ ಎಳೆದರೆ ಎಲ್‌ಇಡಿ ಬೆಳಕಿನಲ್ಲಿ ಅದು ನೀಲಿಯಾಗಿ ಕಾಣುತ್ತದೆ. ಅದಕ್ಕೆ ಚೂರು ಹಳದಿ ಅಥವಾ ಬೂದುಗಂದು ಬೆರೆಸಿ, ಹಳೇ ಹಲ್ಲುಜ್ಜುವ ಬ್ರಷ್ಷಿನಿಂದ ಹಣೆಯಂಚಿನ ಬೇರಿನ ಹತ್ತಿರ ಸವರಿದರೆ ನಿಜವಾದ ನರೆಯ ಹಾಗೆ ಕೂರುತ್ತದೆ. ಸುಕ್ಕು ಬರಿಸಲು ಲೇಟೆಕ್ಸ್ ಅನ್ನುವ ರಬ್ಬರಿನ ದ್ರವ ಇದೆ. ಪದರ ಪದರ ಹಚ್ಚಿ, ಚರ್ಮ ಎಳೆದು ಒಣಗಿಸಬೇಕು. ಗಂಟೆಗಟ್ಟಲೆ ಹಿಡಿಯುತ್ತದೆ, ಬೆವರಿಗೆ ಅಂಚು ಏಳುತ್ತದೆ. ಹಾಗಾಗಿ ದಿನದ ಧಾರಾವಾಹಿಯಲ್ಲಿ ಪೆನ್ಸಿಲ್ಲಿನಲ್ಲಿ ಗೆರೆ ಎಳೆದು ಕೈಬಿಡುತ್ತಾರೆ, ಎಚ್‌ಡಿ ಕ್ಲೋಸಪ್ಪಿನಲ್ಲಿ ಅದು ಬಿಡಿಸಿದ ಗೆರೆಯಾಗಿಯೇ ಕಾಣುತ್ತದೆ. ಇಷ್ಟೆಲ್ಲ ಮಾಡಿದರೂ ಕೈ ಮರೆತುಹೋಗಿರುತ್ತದೆ. ಮುಖಕ್ಕೆ ಐವತ್ತೈದು, ಮೊಮ್ಮಗುವನ್ನು ಎತ್ತಿಕೊಂಡ ಕೈಗೆ ಮೂವತ್ತೈದು, ಉಗುರಿಗೆ ನೇಲ್‌ಪಾಲಿಶ್. ಪುಟ್ಟಕ್ಕನ ಪಾತ್ರದಲ್ಲಿ ಈ ಸಮಸ್ಯೆ ಹುಟ್ಟುವುದೇ ಇಲ್ಲ. ವಯಸ್ಸಾದ ಪಾತ್ರಕ್ಕೆ ವಯಸ್ಸಾದ ನಟಿಯನ್ನೇ ಹಾಕುವುದರಿಂದ ಆಗುವ ಅತಿ ದೊಡ್ಡ ಲಾಭ ಇದು: ಕ್ಯಾಮೆರಾ ಎಲ್ಲಿಗೆ ಬೇಕಾದರೂ ಹೋಗಬಹುದು.

ಇನ್ನೊಂದು ಪಾತ್ರ ಬಂಗಾರಮ್ಮ. ಬಡ್ಡಿ ವ್ಯವಹಾರ ಮಾಡುವ, ಊರೇ ಹೆದರುವ ಹೆಂಗಸು, ಕಂಠಿಯ ತಾಯಿ. 'ಸಿಲ್ಲಿ ಲಲ್ಲಿ'ಯ ಸಮಾಜ ಸೇವಕಿ ಲಲಿತಾಂಬಳಾಗಿ ಮನೆಮನೆಗೆ ಗೊತ್ತಿದ್ದ ಮಂಜುಭಾಷಿಣಿ ಈ ಪಾತ್ರ ಮಾಡಿದ್ದಾರೆ. ಸಾಲ ಕೊಟ್ಟವಳೂ ಹೆಂಗಸು, ಸಾಲ ತೆಗೆದುಕೊಂಡವಳೂ ಹೆಂಗಸು, ಇಬ್ಬರೂ ನಡುವಯಸ್ಸು ದಾಟಿದವರು, ಮುಂದೆ ಬೀಗಿತ್ತಿಯರು. ಇವರಿಬ್ಬರು ಎದುರುಬದುರು ನಿಲ್ಲುವ ದೃಶ್ಯಗಳಲ್ಲಿ ನಾಯಕ ನಾಯಕಿ ಇಬ್ಬರನ್ನೂ ನಾವು ಮರೆತಿರುತ್ತೇವೆ. ಹೆಂಗಸರ ನಡುವೆ ಹಣದ ಸಂಬಂಧವನ್ನು ಇಷ್ಟು ನೇರವಾಗಿ ಇಟ್ಟ ಕನ್ನಡ ಧಾರಾವಾಹಿಗಳು ಕಮ್ಮಿ. ಬಂಗಾರಮ್ಮನನ್ನು ಬೇಗ ಮೆತ್ತಗಾಗಿಸಿದ್ದು ನನಗೆ ನಷ್ಟ ಅನಿಸುತ್ತದೆ. ಗಡಸು ಹೆಂಗಸಿನ ಗಡಸುತನಕ್ಕೆ ಒಂದು ಲೆಕ್ಕಾಚಾರ ಇರುತ್ತದೆ, ಅದನ್ನು ಇನ್ನಷ್ಟು ದಿನ ಬಿಡಿಸಿ ತೋರಿಸಬಹುದಿತ್ತು.

ಈಗ ಕೆಡುವ ಜಾಗ. ದಿನ ಕಳೆದಂತೆ ಮೆಸ್ ಮಸುಕಾಗುತ್ತದೆ. ಒಲೆ, ಪಾತ್ರೆ, ಗಿರಾಕಿ ಕಡಿಮೆಯಾಗಿ ಹಾಲ್, ಆಸ್ಪತ್ರೆ, ದೇವಸ್ಥಾನ ಹೆಚ್ಚಾಗುತ್ತವೆ. ಇದಕ್ಕೆ ಕಥೆಗಾರರ ಮನಸ್ಸೊಂದೇ ಕಾರಣವಲ್ಲ, ಧಾರಾವಾಹಿ ತಯಾರಾಗುವ ರೀತಿಯೇ ಕಾರಣ. ಅರ್ಧ ಗಂಟೆಯ ಸ್ಲಾಟಿನಲ್ಲಿ ಜಾಹೀರಾತು ಕಳೆದರೆ ಸುಮಾರು 22 ನಿಮಿಷ ಉಳಿಯುತ್ತದೆ. ವಾರಕ್ಕೆ ಐದು ಕಂತು ಅಂದರೆ ವರ್ಷಕ್ಕೆ 260. ಅಂದಾಜು ದಿನಕ್ಕೊಂದು ಕಂತಿನಷ್ಟು ಶೂಟ್ ಆಗಲೇಬೇಕು. ಸಿನಿಮಾದಲ್ಲಿ ದಿನಕ್ಕೆ ಎರಡು ಮೂರು ನಿಮಿಷದ ದೃಶ್ಯ ಸಿಕ್ಕರೆ ಅದೇ ಹೆಚ್ಚು. ಅಡುಗೆಯ ದೃಶ್ಯ ಹೊತ್ತು ತಿನ್ನುತ್ತದೆ. ಅನ್ನದಿಂದ ಹಬೆ ಬರಬೇಕು, ಪ್ರತಿ ಶಾಟಿಗೂ ಪಾತ್ರೆಯಲ್ಲಿ ಅಷ್ಟೇ ಸಾರು ಇರಬೇಕು, ಮೊದಲ ಶಾಟಿನಲ್ಲಿ ಒದ್ದೆಯಾದ ಸೆರಗು ಊಟದ ಬ್ರೇಕ್ ಆದಮೇಲೂ ಒದ್ದೆಯಾಗಿರಬೇಕು, ಒಲೆಯ ಸದ್ದು ಮಾತಿನ ಮೇಲೆ ಬೀಳಬಾರದು, ಹಿಂದೆ ಊಟ ಮಾಡುವ ಹತ್ತು ಜನ ಬೇಕು. ಮನೆಯ ಹಾಲ್‌ನಲ್ಲಿ ನಡೆಯುವ ದೃಶ್ಯಕ್ಕೆ ಇದ್ಯಾವುದೂ ಬೇಡ. ಆರು ಜನರನ್ನು ಸಾಲಾಗಿ ನಿಲ್ಲಿಸಿ ಎಲ್ಲರೂ ಕಾಣುವ ಒಂದು ಮಾಸ್ಟರ್ ಶಾಟ್ ತೆಗೆದು, ಆಮೇಲೆ ಒಬ್ಬೊಬ್ಬರದೇ ಕ್ಲೋಸಪ್ ತೆಗೆದುಕೊಂಡರೆ ಎಡಿಟಿಂಗಿನಲ್ಲಿ ಎಷ್ಟು ಬೇಕಾದರೂ ಎಳೆಯಬಹುದು. ಹೀಗೆ ಒತ್ತಡ ಬಂದಾಗ ಮೊದಲು ಹೋಗುವುದು ಹೆಂಗಸಿನ ದುಡಿಮೆ, ಉಳಿಯುವುದು ಅವಳ ಮುಖ. ಕೈ ಫ್ರೇಮಿನಿಂದ ಆಚೆ ಹೋದ ಕೂಡಲೇ ಪುಟ್ಟಕ್ಕನೂ ಹಳೇ ತಾಯಿಯ ಕಡೆ ವಾಲುತ್ತಾಳೆ.

2024ರ ಕೊನೆಯ ಹೊತ್ತಿಗೆ ಸ್ನೇಹಾ ಪಾತ್ರ ಅಪಘಾತದಲ್ಲಿ ಸತ್ತಿತು. ಆ ಪಾತ್ರ ಮಾಡುತ್ತಿದ್ದ ಸಂಜನಾ ಬುರ್ಲಿ ಹೊರನಡೆದಮೇಲೆ ಕಥೆಗೆ ಒಂದು ದಾರಿ ಬೇಕಿತ್ತು, ಅದು ಅರ್ಥವಾಗುತ್ತದೆ. ಮಗಳನ್ನು ಕಳೆದುಕೊಂಡ ತಾಯಿಯಾಗಿ ಉಮಾಶ್ರೀ ಮಾಡಿದ್ದು ನೋಡುವಂಥದ್ದೇ. ಆದರೆ ಆ ದುಃಖ ಮುಂದಿನ ವಾರಗಳಲ್ಲಿ ಬಳಕೆಯ ಸರಕಾಯಿತು. ನಿಜವಾದ ಮನೆಗಳಲ್ಲಿ ಮಗಳು ಹೋದ ಹದಿಮೂರನೇ ದಿನವೋ ಹದಿನಾಲ್ಕನೇ ದಿನವೋ ಮೆಸ್ ಬಾಗಿಲು ತೆರೆಯಲೇಬೇಕು, ಸಾಲದವನು ಕಾಯುವುದಿಲ್ಲ. ಆ ಬಾಗಿಲು ತೆರೆಯುವ ಬೆಳಗ್ಗೆಗೆ ಒಂದಿಡೀ ಕಂತು ಕೊಡಬೇಕಿತ್ತು. ಉಮಾಶ್ರೀಯಂಥ ನಟಿ ಕೈಯಲ್ಲಿದ್ದಾಗ ಅದನ್ನು ಬಿಟ್ಟದ್ದು ಸಣ್ಣ ತಪ್ಪಲ್ಲ.

'ಶ್ರೀರಸ್ತು ಶುಭಮಸ್ತು' 2022ರ ಅಕ್ಟೋಬರ್ ಕೊನೆಯಲ್ಲಿ ಅದೇ ಚಾನೆಲ್ಲಿನಲ್ಲಿ ಬಂತು. ಇಲ್ಲಿ ತುಳಸಿ, ಸುಧಾರಾಣಿ. ಗಂಡನಿಲ್ಲದ, ಮದುವೆ ವಯಸ್ಸಿಗೆ ಬಂದ ಮಗನಿರುವ ಹೆಂಗಸು ಮತ್ತೆ ಮದುವೆಯಾಗುವ ಕಥೆ. ಮಾವ ದತ್ತ ತಾತನೇ ಮುಂದೆ ನಿಂತು ಸೊಸೆಗೆ ಗಂಡು ನೋಡುತ್ತಾನೆ, ಹೆತ್ತ ಮಗ ಸಮರ್ಥ ಅಡ್ಡ ನಿಲ್ಲುತ್ತಾನೆ. ಈ ತಿರುವು ಬಹಳ ಒಳ್ಳೆಯದು, ಏಕೆಂದರೆ ಹಳಬರೆಲ್ಲ ಸಂಪ್ರದಾಯಸ್ಥರು, ಹೊಸಬರೆಲ್ಲ ಪ್ರಗತಿಪರರು ಅನ್ನುವ ಸೀರಿಯಲ್ ನಂಬಿಕೆಯನ್ನು ಅದು ಬುಡಮೇಲು ಮಾಡುತ್ತದೆ. ಅಮ್ಮ ಮನೆಗೆಲಸ ಮಾಡಿಕೊಂಡು ಬಿದ್ದಿದ್ದರೆ ಮಗನಿಗೆ ಅನುಕೂಲ. ಅಮ್ಮನ ಮದುವೆಯಿಂದ ಅವನ ಮಾನ ಹೋಗುವುದಕ್ಕಿಂತ ಮೊದಲು ಅವನ ಅನುಕೂಲ ಹೋಗುತ್ತದೆ ಅನ್ನುವುದನ್ನು ಧಾರಾವಾಹಿ ಮುಚ್ಚಿಡುವುದಿಲ್ಲ.

ಸುಧಾರಾಣಿ 1986ರ 'ಆನಂದ್'ನಲ್ಲಿ ಶಿವರಾಜ್‌ಕುಮಾರ್ ಜೊತೆ ನಾಯಕಿಯಾಗಿ ಬಂದವರು. ಶಿವರಾಜ್‌ಕುಮಾರ್ 2022ರಲ್ಲೂ 'ವೇದ'ದ ನಾಯಕ. ಅದೇ ವರ್ಷ ಇವರಿಗೆ ನಾಯಕಿಯ ಪಾತ್ರ ಸಿಕ್ಕಿದ್ದು ಕಿರುತೆರೆಯಲ್ಲಿ. ದೊಡ್ಡ ತೆರೆ ಕೈಬಿಟ್ಟ ನಟಿಯರನ್ನು ಟಿವಿ ಉಳಿಸಿಕೊಂಡಿದೆ ಅನ್ನುವುದು ಮನಸಾರೆ ಒಪ್ಪಬೇಕಾದ ಮಾತು.

ತುಳಸಿಯ ಮಟ್ಟಿಗೆ ಕೈಗಿಂತ ಹಣೆ ಮುಖ್ಯ. ಹಣೆಯ ಬೊಟ್ಟು, ಕೊರಳ ಕರಿಮಣಿ, ಕೈಬಳೆ, ಸೀರೆಯ ಬಣ್ಣ ಇವುಗಳಿಂದಲೇ ನಮ್ಮ ತೆರೆ ಹೆಂಗಸಿನ ಸ್ಥಿತಿ ಹೇಳುತ್ತದೆ. ಮರುಮದುವೆಯ ಕಥೆಯಲ್ಲಿ ವಸ್ತ್ರವಿನ್ಯಾಸಕರಿಗೆ ಸಿಗುವ ಸುಲಭದ ದಾರಿ ಅಂದರೆ ಮದುವೆ ಆದ ಮರುದಿನದಿಂದ ಸೀರೆಗೆ ಗಾಢ ಬಣ್ಣ, ದೊಡ್ಡ ಅಂಚು, ಕೊರಳ ತುಂಬ ಒಡವೆ. ಹಾಗೆ ಒಮ್ಮೆಲೇ ಬದಲಿಸಿದರೆ ಹೆಂಗಸಿನ ಬಣ್ಣವೆಲ್ಲ ಗಂಡನದೇ ಅನ್ನುವ ಹಳೇ ಮಾತಿಗೇ ಮತ್ತೆ ಮುದ್ರೆ ಬೀಳುತ್ತದೆ. ಇಂಥ ಕಥೆ ನೋಡುವಾಗ ಮದುವೆಗೆ ಮೊದಲೇ ಅವಳ ಮೈಮೇಲೆ ಬಣ್ಣ ಇತ್ತಾ ಅಂತ ಗಮನಿಸಿ. ಸುಧಾರಾಣಿ ನಗುವಾಗ ಕಣ್ಣಿನ ಸುತ್ತ ಬೀಳುವ ನಿರಿಗೆಗಳನ್ನು ಅಡಗಿಸಲು ಹೋಗದ ಶಾಟುಗಳೇ ಈ ಧಾರಾವಾಹಿಯ ಅತ್ಯುತ್ತಮ ಶಾಟುಗಳು. ಮೇಲಿಂದ ಮೆದು ಬೆಳಕು ಸುರಿದು, ಚರ್ಮ ನಯ ಮಾಡುವ ಫಿಲ್ಟರ್ ಹಾಕಿದ ಕಡೆ ಮುಖ ಮೇಣದ ಹಾಗಾಗುತ್ತದೆ, ಭಾವನೆಯೂ ಜಾರಿಹೋಗುತ್ತದೆ.

ಮುಂದೆ ತುಳಸಿಯನ್ನು ಗರ್ಭಿಣಿ ಮಾಡಿದಾಗ ವೀಕ್ಷಕರು ಗಲಾಟೆ ಎಬ್ಬಿಸಿದರು, ಈ ವಯಸ್ಸಿನಲ್ಲಿ ಇದೇನು ಅಂತ. ಆ ಆಕ್ಷೇಪ ನನಗೆ ಒಪ್ಪಿಗೆಯಿಲ್ಲ. ಹಿಂದಿಯ 'ಬಧಾಯಿ ಹೋ' 2018ರಲ್ಲೇ ಇದೇ ವಿಷಯ ಇಟ್ಟುಕೊಂಡು ಮುಜುಗರ ಯಾರದು ಅಂತ ಕೇಳಿತ್ತು, ಅದರ ಅಜ್ಜಿಯ ಪಾತ್ರಕ್ಕೆ ಸುರೇಖಾ ಸಿಕ್ರಿಯವರಿಗೆ ರಾಷ್ಟ್ರಪ್ರಶಸ್ತಿಯೂ ಬಂತು. ನನ್ನ ತಕರಾರು ಬೇರೆ. ನಡುವಯಸ್ಸಿನ ಗರ್ಭಕ್ಕೆ ರಕ್ತದೊತ್ತಡ, ಸಕ್ಕರೆ, ತಪಾಸಣೆ, ಹೆಚ್ಚಿನ ಅಪಾಯ ಎಲ್ಲ ಇರುತ್ತದೆ. ಒಬ್ಬ ಹೆಂಗಸು ಅದನ್ನು ತೂಗಿ ನೋಡಿ ಇಟ್ಟುಕೊಳ್ಳಲೋ ಬೇಡವೋ ಅಂತ ತಾನೇ ತೀರ್ಮಾನಿಸುವುದು ದೊಡ್ಡ ನಾಟಕ. ಅದಕ್ಕೆ ಸಿಗಬೇಕಾದ ಹೊತ್ತನ್ನು ಮನೆಯವರ ಕೋಪತಾಪ ತಿಂದುಹಾಕಿತು.

'ಭಾಗ್ಯಲಕ್ಷ್ಮೀ' ಕಲರ್ಸ್ ಕನ್ನಡದ್ದು, 2022ರಲ್ಲೇ ಶುರುವಾದದ್ದು. ಎರಡು ಮಕ್ಕಳ ತಾಯಿ ಭಾಗ್ಯ ಬಿಟ್ಟುಹೋದ ಹತ್ತನೇ ತರಗತಿ ಮುಗಿಸಲು ಮತ್ತೆ ಶಾಲೆಗೆ ಹೋಗುವ ಭಾಗ ಎಲ್ಲರಿಗೂ ಗೊತ್ತು. ನೋಡಬೇಕಾದದ್ದು ಅತ್ತೆ ಕುಸುಮಾಳನ್ನು, ಪದ್ಮಜಾ ರಾವ್ ಅವರ ಪಾತ್ರ. ಬಾಯಿ ಜೋರು, ಶಿಸ್ತು ಹೆಚ್ಚು, ಸೊಸೆಯನ್ನು ಗದರುವುದೂ ಇದೆ. ಆದರೆ ಮಗ ತಾಂಡವ್ ತಪ್ಪು ಮಾಡಿದಾಗ ಸೊಸೆಯ ಬೆನ್ನಿಗೆ ನಿಲ್ಲುತ್ತಾಳೆ. ಒಳ್ಳೆಯ ಅತ್ತೆ ಅಂದರೆ ಮೆತ್ತಗಿನ ಅತ್ತೆ ಅಂತ ಮಾಡದೆ, ಅದೇ ಗಡಸುತನವನ್ನು ಮಗನ ಕಡೆ ತಿರುಗಿಸಿದ್ದಾರೆ. ಮೂರರಲ್ಲಿ ಬರವಣಿಗೆಯ ದೃಷ್ಟಿಯಿಂದ ನನಗೆ ಹೆಚ್ಚು ಹಿಡಿಸಿದ ಹಿರಿಯ ಪಾತ್ರ ಇದೇ. ಕೊರತೆ ಅಂದರೆ ಕುಸುಮಾಳಿಗೆ ಮಗ ಸೊಸೆಯ ಆಚೆ ಏನೂ ಇಲ್ಲ. ಅವಳಿಗೊಬ್ಬಳು ಗೆಳತಿ ಬೇಡವೇ? ಅವಳ ಹೆಸರಿನಲ್ಲಿ ಒಂದು ಪಾಸ್‌ಬುಕ್ಕು?

'ಪಾರು' ಧಾರಾವಾಹಿಯ ಅಖಿಲಾಂಡೇಶ್ವರಿ ಬಗ್ಗೆ ಕೇಳುವವರಿದ್ದಾರೆ. ವಿನಯಾ ಪ್ರಸಾದ್ ಗತ್ತಿನಿಂದ ಮಾಡಿದ್ದಾರೆ, ಆದರೆ ದೊಡ್ಡ ವ್ಯವಹಾರದ ಯಜಮಾನಿಯ ವ್ಯವಹಾರ ಎಂದೂ ಕಣ್ಣಿಗೆ ಬೀಳುವುದಿಲ್ಲ, ಬೀಳುವುದು ರೇಷ್ಮೆ ಸೀರೆ ಮತ್ತು ತೀರ್ಪು. 'ಅಮೃತಧಾರೆ'ಯಲ್ಲಿ ವನಿತಾ ವಾಸು ಅವರ ಶಕುಂತಲಾ ಚೆಂದದ ಖಳನಾಯಕಿ, ಇಲ್ಲಿಯ ಪ್ರಶ್ನೆಗೆ ಅಷ್ಟು ಸಂಬಂಧವಿಲ್ಲ.

ನೂರಾರು ಕಂತು ನೋಡಲಾಗದವರು ಎರಡು ಸಿನಿಮಾ ನೋಡಿ. 1983ರಲ್ಲಿ ಪ್ರೇಮಾ ಕಾರಂತ ನಿರ್ದೇಶಿಸಿದ 'ಫಣಿಯಮ್ಮ', ಎಲ್.ವಿ. ಶಾರದಾ ನಟಿಸಿದ್ದು. ಇನ್ನೊಂದು ಗಿರೀಶ್ ಕಾಸರವಳ್ಳಿಯವರ 'ಗುಲಾಬಿ ಟಾಕೀಸ್', 2008ರದ್ದು, ವೈದೇಹಿಯವರ ಕಥೆ ಆಧರಿಸಿದ್ದು. ಅದರಲ್ಲಿ ಉಮಾಶ್ರೀ ಕುಂದಾಪುರದ ಕಡೆಯ ಮೀನುಗಾರರ ಊರಿನ ಸೂಲಗಿತ್ತಿ. ಹೆರಿಗೆ ಮಾಡಿಸಿದ್ದಕ್ಕೆ ಉಡುಗೊರೆಯಾಗಿ ಬಂದ ಬಣ್ಣದ ಟಿವಿಯ ಮುಂದೆ ಊರ ಹೆಂಗಸರು ಬಂದು ಕೂರುತ್ತಾರೆ. ಪುಟ್ಟಕ್ಕನನ್ನು ನೋಡುವ ಮೊದಲು ಇದನ್ನು ನೋಡಿದರೆ ಉಮಾಶ್ರೀಯವರ ಕೈಗಳ ಭಾಷೆ ಇನ್ನೂ ಚೆನ್ನಾಗಿ ತಿಳಿಯುತ್ತದೆ.

ನೋಡುವ ಕ್ರಮದ ಬಗ್ಗೆ. ಪುಟ್ಟಕ್ಕನನ್ನು ಮೊದಲ ಕಂತಿನಿಂದ ಹಿಡಿದು ಸ್ನೇಹಾ-ಕಂಠಿ ಮದುವೆಯವರೆಗೆ ಬಿಡದೆ ನೋಡಬಹುದು, ಆಮೇಲೆ ಆರಿಸಿಕೊಂಡು ನೋಡಿ. ಶುರುವಿನ ಹಿಂದಿನ ಕಥೆ ಮತ್ತು ಕೊನೆಯ ನಾಳಿನ ತುಣುಕು ದಾಟಿಸಿದರೆ ಕಂತಿಗೆ ಎರಡು ಮೂರು ನಿಮಿಷ ಉಳಿಯುತ್ತದೆ. ಒಂದೇ ಮಾತಿಗೆ ಮೂರು ಮೂರು ಸಲ ಮುಖದ ಮೇಲೆ ಕ್ಯಾಮೆರಾ ನುಗ್ಗುವ ಕಂತು ಬಂದರೆ ಅಲ್ಲಿಂದ ಮುಂದಿನ ವಾರಕ್ಕೆ ಜಿಗಿಯಿರಿ, ಕಥೆ ತಪ್ಪುವುದಿಲ್ಲ. ತುಳಸಿಯನ್ನು ಮದುವೆಯವರೆಗೆ ನೋಡಿ. ಭಾಗ್ಯಳ ಶಾಲೆಯ ಭಾಗವನ್ನು ಪೂರ್ತಿ ನೋಡಿ, ಅದು ಜಿಯೋಹಾಟ್‌ಸ್ಟಾರ್‌ನಲ್ಲಿದೆ. ಕಿವಿ ಮಂದವಾದ ಹಿರಿಯರಿಗೆ ಹಾಕಿಕೊಡುವುದಾದರೆ ಟಿವಿಯ ಸೌಂಡ್ ಸೆಟ್ಟಿಂಗಿನಲ್ಲಿ ಮಾತು ಎತ್ತಿ ಕೇಳಿಸುವ ಆಯ್ಕೆ ಇದ್ದರೆ ಅದನ್ನು ಹಾಕಿ. ಮೂರರಲ್ಲೂ ಹಿನ್ನೆಲೆ ಸಂಗೀತ ಮಾತಿನ ಮೇಲೆ ಹತ್ತಿ ಕೂರುತ್ತದೆ, ಪುಟ್ಟಕ್ಕ ಮೆಲ್ಲಗೆ ಆಡುವ ಮಾತುಗಳೇ ಅದರಲ್ಲಿ ಮೊದಲು ಮುಳುಗುವುದು.